ಚೌಕಟ್ಟಿನಲ್ಲಿ ಹಿಡಿಸದ ಸವಾರ

೧೯೭೮ರ ಮಾತು. ಫೋರ್ಟಿನ ಓಣಿಯಲ್ಲಿ ವಿಜಾಪುರದ ಬಸಪ್ಪನ ಫ್ರೇಮಿನ ಅಂಗಡಿ. ಎಂಬತ್ತು ದಾಟಿದ ಆರ್ಮೇನಿಯದ ಮುದುಕರೊಬ್ಬರು ಹಳೆಯ ಚೌಕಟ್ಟು, ಅದಕ್ಕಿಂತ ತುಸು ಅಗಲವಾದ ಫೋಟೋ ತಂದಿದ್ದರು. ಫೋಟೋದಲ್ಲಿ, ಮೊದಲ ಮಹಾಯುದ್ಧದಲ್ಲಿ ಕಾಕಸಸ್ ಬೆಟ್ಟಗಳಲ್ಲಿ ಕಾದಿದ, ರಷ್ಯದ ಜಾರ್ ದೊರೆಯ ಸೇನೆಯ ಐವರು ಕುದುರೆ ಸವಾರರು. ಐವರೂ ಬೇರೆ ಬೇರೆ ಜನಾಂಗದವರು.

“ಈ ಕಡೀ ಮನಷ್ಯಾನ್ನ ಕತ್ತರಿಸಿದ್ರ ಬರೋಬರ್ ಕೂಡ್ತೈತ್ರಿ,” ಎಂದು, ನನ್ನ ಫೋಟೋಕ್ಕೆ ಕಟ್ಟು ಹಾಕಿಸಲು ಬಂದು ಪಕ್ಕದಲ್ಲಿ ನಿಂತಿದ್ದ ನನಗೆ ಹೇಳಿದ ಬಸಪ್ಪ, ಅದನ್ನೇ ಹಿಂದಿಯಲ್ಲಿ ಅವರಿಗೂ ಹೇಳಿದ.

ಮುದುಕರು ಹಿಂದಿಯಲ್ಲೇ ನಿಧಾನವಾಗಿ ಅಂದರು: “ಅವನು ತಾತಾರ, ಅಲ್ಲಿನ ಮುಸಲ್ಮಾನ. ಸೇನೆ ಸೇರುವಾಗ ಅವನು ಮುಲ್ಲಾನ ಮುಂದೆ, ನಾನು ಪಾದ್ರಿಯ ಮುಂದೆ ಪ್ರಮಾಣ ಮಾಡಿದೆವು. ಹಿಮದಲ್ಲಿ ಬಿದ್ದ ನನ್ನನ್ನು ಹೊತ್ತು ತಂದವನು ಅವನೇ. ಆಮೇಲೆ ದೊರೆಯ ಪಟ್ಟ ಹೋಯಿತು, ಸೇನೆ ಒಡೆಯಿತು. ನಮ್ಮ ಆರ್ಮೇನಿಯದವರು ಅವನ ಊರಿಗೆ ಬೆಂಕಿ ಹಚ್ಚಿದರು. ನಾನೂ ಜೊತೆಗಿದ್ದೆ.”

ಅವರ ಬೆರಳು ಫೋಟೋದ ಇನ್ನೊಂದು ಅಂಚಿಗೆ, ತಮ್ಮದೇ ಎಳೆಯ ಮುಖಕ್ಕೆ ಸರಿಯಿತು.

“ಕತ್ತರಿಸಲೇಬೇಕಾದರೆ ಈ ಕಡೆಯಿಂದ ಕತ್ತರಿಸು.”

ಬಸಪ್ಪ ಕತ್ತರಿ ಕೆಳಗಿಟ್ಟು, ಮತ್ತೆ ಇಡೀ ಫೋಟೋದ ಅಳತೆ ತೆಗೆಯತೊಡಗಿದ.