‘ಇರಿ’ ಅಂದರು, ನಿಂತುಬಿಟ್ಟೆ

ಕಳೆದ ಶುಕ್ರವಾರ ಸಂಜೆ ನಾನು ಕೊರಿಯಾದ ಮಾಜಿ ಅಂತಾರಾಷ್ಟ್ರೀಯ ಫುಟ್‌ಬಾಲ್ ಆಟಗಾರ್ತಿಯೊಬ್ಬರನ್ನು ಸೋಲಿಸಿದೆ. ಒಂದೇ ತೊಂದರೆ. ನಾನು ಅವರದೇ ಟೀಮಿನಲ್ಲಿದ್ದೆ.

ನಗಬೇಡಿ. (ನಗಿ, ಪರವಾಗಿಲ್ಲ. ಓಮಾನಿನ ನಮ್ಮ ಬಡಾವಣೆ ಅಲ್ ಹೈಲ್ ಪೂರ್ತಿ ನಕ್ಕಾಗಿದೆ.)

ಮೊದಲು ಅವರ ಪರಿಚಯ. ನಮ್ಮ ಮೇಲಿನ ಫ್ಲ್ಯಾಟಿನವರು. ಗಂಡನಿಗೆ ಸೂರ್ ಕಡೆ ಗ್ಯಾಸ್ ಪ್ಲಾಂಟಿನಲ್ಲಿ ಕೆಲಸ, ವಾರಕ್ಕೊಮ್ಮೆ ಮನೆ. ಹೆಸರು ಬರೆಯಬೇಡಿ ಎಂದಿದ್ದಾರೆ, ಹಾಗಾಗಿ ಮೇಡಂ ಎನ್ನೋಣ. ಒಂದು ವರ್ಷ ಲಿಫ್ಟಿನಲ್ಲಿ ಹಲೋ ಹೇಳಿಕೊಂಡಿದ್ದೆವು, ಅಷ್ಟೇ. ಅವರು ಹತ್ತು ವರ್ಷಕ್ಕೂ ಹೆಚ್ಚು ಕಾಲ ದೇಶದ ಜೆರ್ಸಿ ತೊಟ್ಟು ಮಿಡ್‌ಫೀಲ್ಡಿನಲ್ಲಿ ಆಡಿದವರು ಎಂದು ಪತ್ತೆ ಮಾಡಿದ್ದು ನನ್ನ ಹನ್ನೆರಡು ವರ್ಷದ ಮಗಳು ಅನಘಾ. ಸ್ಕೂಲ್ ಟೀಮಿನಲ್ಲಿ ಅವಳೂ ಮಿಡ್‌ಫೀಲ್ಡರ್. ಅಂದಿನಿಂದ ನಮ್ಮ ಮನೆಯಲ್ಲಿ ಬೇರೆ ಸುದ್ದಿಯೇ ಇಲ್ಲ.

ಮೇಡಂ ಓದಿದ ಶಾಲೆಯಲ್ಲಿ ಹುಡುಗಿಯರ ಟೀಮೇ ಇರಲಿಲ್ಲವಂತೆ. ಹುಡುಗರ ಜತೆ ಆಡಿಯೇ ಕಲಿತರಂತೆ. ಹೈಸ್ಕೂಲಿಗೆ ಬಂದಾಗ ಮನೆ ಬಿಟ್ಟು ಫುಟ್‌ಬಾಲ್ ಹಾಸ್ಟೆಲ್ ಸೇರಿದರಂತೆ. ಮಂಡಿಗೆ ಎರಡು ಸಲ ಆಪರೇಷನ್ ಆಗಿ, ಎರಡು ಸಲವೂ ಟೀಮಿಗೆ ವಾಪಸ್ ಬಂದರಂತೆ. ಸಾರಿಗೊಂದು, ಮಜ್ಜಿಗೆಗೊಂದು ‘ಅಂತೆ’ ಬಡಿಸುತ್ತಾ ಮಗಳು ಊಟ ಮುಗಿಸುತ್ತಿದ್ದಳು.

ದೇಶಕ್ಕಾಗಿ ಎಷ್ಟು ಗೋಲು ಹೊಡೆದಿದ್ದಾರೆ ಎಂದು ಕೇಳಿದೆ. ಎರಡು. ಇಡೀ ಕರಿಯರಿನಲ್ಲಿ ಎರಡು! ಅದರಲ್ಲೂ ಒಂದು, ಪಾಸ್ ಕೊಡಲು ಹೋಗಿ ದಾರಿ ತಪ್ಪಿ ಒಳಗೆ ಹೋದದ್ದು ಎಂದು ಅವರೇ ಒಪ್ಪಿಕೊಂಡಿದ್ದಾರಂತೆ. ನಾನು ಹೊಟ್ಟೆ ಹಿಡಿದುಕೊಂಡು ನಕ್ಕೆ. ಗೋಲು ಹೊಡೆಯುವುದಿಲ್ಲ, ತಡೆಯುವುದೂ ಇಲ್ಲ. ನಡುವೆ ನಿಂತು ಇವರೆಲ್ಲ ಮಾಡುವುದಾದರೂ ಏನು? ಮದುವೆಮನೆಯಲ್ಲಿ ಸುಮ್ಮನೆ ಓಡಾಡುವ ಸೋದರಮಾವನ ಕೆಲಸವೇ?

“ಅಪ್ಪಾ, ಯೂ ಡೋಂಟ್ ನೋ ಎನಿಥಿಂಗ್,” ಎಂದಳು ಮಗಳು, ತಣ್ಣಗೆ.

ನನ್ನ ನಗುವಿನ ಹಿಂದೆ ಒಂದು ವ್ಯಾಜ್ಯವೂ ಇತ್ತು. ಮೇಡಂ ಶನಿವಾರ ಬೆಳಿಗ್ಗೆ ಹುಡುಗಿಯರಿಗೆ ಕೋಚಿಂಗ್ ಶುರು ಮಾಡುವವರಿದ್ದರು. ಅದೇ ಹೊತ್ತಿಗೆ ಅನಘಾಳ ಮ್ಯಾಥ್ಸ್ ಟ್ಯೂಷನ್. ನಾನು ಟ್ಯೂಷನ್ ಪಕ್ಷ. ಮಗಳು ಎರಡು ದಿನ ಮಾತು ಬಿಟ್ಟಳು. ಮೂರನೇ ದಿನ ಪಂಥ ಕಟ್ಟಿದಳು. ಶುಕ್ರವಾರ ಕಡಲ ಬದಿಯ ಮರಳಿನಲ್ಲಿ ಮಕ್ಕಳಿಗೂ ಪೇರೆಂಟ್ಸಿಗೂ ಮ್ಯಾಚ್ ಇತ್ತು. ಮಕ್ಕಳು ಗೆದ್ದರೆ ಶನಿವಾರ ಫುಟ್‌ಬಾಲ್. ಸೋತರೆ ಟ್ಯೂಷನ್, ತುಟಿಪಿಟಕ್ಕೆನ್ನದೆ.

ಮೇಡಂ ಮಗ ಮಕ್ಕಳ ಟೀಮಿನಲ್ಲಿದ್ದ. ಅಂದರೆ ಮೇಡಂ ನಮ್ಮ ಕಡೆ! ಕಣ್ಣು ಮುಚ್ಚಿಕೊಂಡು ಒಪ್ಪಿದೆ. ನೀವಾಗಿದ್ದರೆ ಒಪ್ಪುತ್ತಿರಲಿಲ್ಲವೇ?

ಮಿಡ್‌ಫೀಲ್ಡರ್ ಎಂದರೆ ಏನೆಂದು ನನಗೆ ಗೊತ್ತಾದದ್ದು ಆವತ್ತು. ಮೇಡಂ ಹೆಚ್ಚು ಓಡಲೇ ಇಲ್ಲ. ಎಲ್ಲಿ ಜಾಗವಿದೆಯೋ ಅಲ್ಲಿ ಮೊದಲೇ ಹೋಗಿ ನಿಂತಿರುತ್ತಿದ್ದರು. ಅವರು ಪಾಸ್ ಕೊಟ್ಟರೆ ಬಾಲ್ ನಮ್ಮ ಕಾಲನ್ನು ಹುಡುಕಿಕೊಂಡು ಬರುತ್ತಿತ್ತು. ಹೊಟ್ಟೆ ಬಂದವರು, ಬಿಪಿ ಮಾತ್ರೆ ನುಂಗಿ ಬಂದವರು, ಎಲ್ಲರೂ ಆಟಗಾರರಂತೆ ಕಾಣತೊಡಗಿದೆವು. ನಾನಂತೂ ಒಂದು ಗೋಲನ್ನೇ ಹೊಡೆದೆ. (ಕಾಲು ನನ್ನದು. ಗೋಲು ಅವರದು.) ಆ ಕಡೆ ಅನಘಾ ಕೂಡ ಅದೇ ಕೆಲಸ ಮಾಡುತ್ತಿದ್ದಳು. ಸ್ಕೋರ್ ಎರಡು-ಎರಡು.

ಕೊನೆಯ ನಿಮಿಷ. ಬಾಲ್ ಮೇಡಂ ಕಾಲಲ್ಲಿತ್ತು. ಆಟದ ಬಿಸಿಯಲ್ಲಿ ಅವರಿಗೆ ಇಂಗ್ಲಿಷ್ ಮರೆತೇಹೋಗಿತ್ತು. ನನ್ನ ಕಡೆ ತಿರುಗಿ ಕೂಗಿದರು: “ಇರಿ ವಾ!”

ನಿಂತುಬಿಟ್ಟೆ.

ಇನ್ನೇನು ಮಾಡಲಿ? ನಾನು ಮೈಸೂರಿನವನು, ಹದಿನೈದು ವರ್ಷದ ಸಂಸಾರಿ. ಚಪ್ಪಲಿ ಮೆಟ್ಟಿದರೆ ‘ಇರೀ, ಕೀ ತಗೋತೀನಿ’. ಲಿಫ್ಟ್ ಬಂದರೆ ‘ಇರೀ, ಗ್ಯಾಸ್ ಆಫ್ ಮಾಡಿದ್ನಾ ನೋಡ್ತೀನಿ’. ಹೆಂಗಸರ ದನಿಯಲ್ಲಿ ‘ಇರಿ’ ಎಂದು ಕೇಳಿಸಿದರೆ ನನ್ನ ಕಾಲು ನನ್ನನ್ನು ಕೇಳದೆಯೇ ನಿಲ್ಲುತ್ತದೆ.

ನಾನು ಬರುತ್ತೇನೆಂದು ನಂಬಿ ಮೇಡಂ ಬಾಲ್ ತಳ್ಳಿಯಾಗಿತ್ತು. ನಾನಿರಬೇಕಾದ ಜಾಗಕ್ಕೆ ಬಂದವಳು ಅನಘಾ. ಬಾಲ್ ಹಿಡಿದಳು, ಮುಂದೆ ಹೋದಳು, ಒಮ್ಮೆ ತಲೆ ಎತ್ತಿ ನೋಡಿದಳು. ತಾನು ಹೊಡೆಯಬಹುದಿತ್ತು. ಹೊಡೆಯಲಿಲ್ಲ. ಗೋಲಿನ ಬಳಿ ಒಂಟಿಯಾಗಿ ನಿಂತಿದ್ದ ಪುಟ್ಟ ಹುಡುಗಿಯೊಬ್ಬಳಿಗೆ ಪಾಸ್ ಕೊಟ್ಟಳು. ಗೋಲು! ಓಮಾನಿ ರೆಫ್ರಿ ಖಲಾಸ್ ಎಂದು ಸೀಟಿ ಊದಿಯೇಬಿಟ್ಟರು.

ಎಲ್ಲರೂ ಆ ಪುಟ್ಟ ಹುಡುಗಿಯನ್ನು ಎತ್ತಿಕೊಂಡು ಕುಣಿದರು. ಅನಘಾಳನ್ನು ಯಾರೂ ಎತ್ತಲಿಲ್ಲ. ನಾನೇ ಓಡಿಹೋಗಿ ಎತ್ತಿಕೊಂಡು ಗಿರಗಿರನೆ ತಿರುಗಿದೆ. ಪಂಥ ಸೋತವನಿಗೆ ಅಷ್ಟು ಖುಷಿ ಆಗಬಾರದು. ಆಯಿತು. (ಸೊಂಟ ಇನ್ನೂ ಹಿಡಿದುಕೊಂಡಿದೆ.)

ಆಮೇಲೆ ಚಹಾ ಕುಡಿಯುತ್ತಾ, ಯಾಕೆ ನಿಂತಿರಿ ಎಂದು ಮೇಡಂ ಕೇಳಿದರು. ವಿವರಿಸಿದೆ. ನಕ್ಕು ನಕ್ಕು ಚಹಾ ಮೈಮೇಲೆ ಚೆಲ್ಲಿಕೊಂಡರು. ಅವರ ಭಾಷೆಯಲ್ಲಿ ‘ಇರಿ ವಾ’ ಎಂದರೆ ‘ಇಲ್ಲಿ ಬಾ’. ಬನ್ನಿ ಕೂಡ ಅಲ್ಲ, ಬಾ! ನಮ್ಮ ಹಾಗೆಯೇ ಅವರಲ್ಲೂ ದೊಡ್ಡವರಿಗೊಂದು ಮಾತು, ಚಿಕ್ಕವರಿಗೊಂದು ಮಾತು ಇದೆಯಂತೆ. ಆಟದ ಭರದಲ್ಲಿ ಮರ್ಯಾದೆ ತಪ್ಪಿತು ಎಂದು ಕ್ಷಮೆ ಬೇರೆ ಕೇಳಿದರು. ನಾನೋ, ಬಹುವಚನ ಎಂದುಕೊಂಡು ನಿಂತಿದ್ದೆ. ‘ಅಪ್ಪಾ’ ಮಾತ್ರ ಅವರಲ್ಲೂ ಅಪ್ಪನೇ ಎಂದರು. ಅನಘಾ ಎಲ್ಲವನ್ನೂ ಕಿವಿಗೊಟ್ಟು ಕೇಳುತ್ತಿದ್ದಳು.

ಟ್ಯೂಷನ್ ಮೇಷ್ಟ್ರಿಗೆ ಫೋನ್ ಮಾಡಿ ದಿನ ಬದಲಿಸಿಕೊಂಡೆ. ಮರುದಿನ ಬೆಳಿಗ್ಗೆ ಮಗಳನ್ನು ಕೋಚಿಂಗಿಗೆ ಬಿಟ್ಟು, ಕಾರಿನಲ್ಲೇ ಕೂತು ಮೊಬೈಲ್ ತೆಗೆದಿದ್ದೆ. ಮೈದಾನದ ನಡುವಿನಿಂದ ಕೂಗು ಬಂತು: “ಅಪ್ಪಾ, ಇರಿ ವಾ!”

ಮಾತು ಕಲಿತಾಗಿನಿಂದ ನನ್ನನ್ನು ‘ನೀನು’ ಎಂದೇ ಕರೆಯುವ ಮಗಳು ಅವಳು. ಅವಳ ಬಾಯಲ್ಲಿ ‘ಇರಿ’ ಬಂದರೆ ಅದು ಕೊರಿಯನ್ನೇ. ಇನ್ನೂ ಕಾರಿನಲ್ಲೇ ಇರಲು ನಾನೇನು ದಡ್ಡನೇ?