ಕಟ್ಟಿನಂಗಡಿಯವನ ಹಾವಿನ ಪಟ

ಧಾರವಾಡದಲ್ಲಿ ಚಿತ್ರ ಬರೆಯುವುದನ್ನು ಕಲಿಯುತ್ತಿರುವ ನನ್ನ ಮೊಮ್ಮಗಳು ಮೊನ್ನೆ ರಜೆಗೆ ಬಂದವಳು ಪಡಸಾಲೆಯಲ್ಲಿ ದೊಡ್ಡ ಹಾಳೆಯೊಂದನ್ನು ಬಿಚ್ಚಿದಳು. ಅದು ಸುರುಳಿಯಾಗದಂತೆ ನಾಲ್ಕು ಮೂಲೆಗೆ ನನ್ನ ಉಪ್ಪಿನಕಾಯಿ ಡಬ್ಬಿಗಳನ್ನಿಟ್ಟಳು. ಇದ್ದಿಲಿನಿಂದ ಬರೆದ ಚಿತ್ರ. ಗಡ್ಡದ ಒಬ್ಬ ಗಂಡಸು, ಎರಡು ಮಗ್ಗುಲಿಗೆ ಇಬ್ಬರು ಹುಡುಗರು, ಮೂವರನ್ನೂ ಸೇರಿಸಿ ಸುತ್ತಿದ ಹಾವುಗಳು. ಗಂಡಸಿನ ಮೈಮೇಲೆ ಒಂದು ಚೂರು ಅರಿವೆ ಇಲ್ಲ. ನಾನು ಕೇರುತ್ತಿದ್ದ ಮೊರವನ್ನು ಕೆಳಗಿಟ್ಟೆ.

"ಇವನ್ನ ನಾ ಬಲ್ಲೆ. ಪಂಚಮಿ ದಿನ ಹೊಲದಾಗ ಎಡಿ ಹೊಡದವ," ಎಂದೆ.

ಅವಳು ಹೊಟ್ಟೆ ಹಿಡಿದುಕೊಂಡು ನಕ್ಕಳು. "ಆಯಿ, ಇದು ಗ್ರೀಕರ ಮೂರ್ತಿ. ಎರಡು ಸಾವಿರ ವರ್ಷದ ಸಂಗಮರವರಿ ಕಲ್ಲು, ರೋಮ್‌ದಾಗ ಐತಿ. ಇವ ರೈತ ಅಲ್ಲ, ಪೂಜಾರಿ. ವೈರಿಗಳು ಊರ ಹೊರಗ ಕಟಗಿ ಕುದುರಿ ಬಿಟ್ಟು ಹೋಗಿದ್ರು. ಒಳಗ ತರಬ್ಯಾಡ್ರಿ, ಅದರಾಗ ಮೋಸ ಐತಿ ಅಂದ. ಖರೇ ಹೇಳಿದ್ದಕ್ಕ ದೇವ್ರು ಸಿಟ್ಟಾಗಿ ಹಾವು ಬಿಟ್ಟ."

"ಖರೇ ಹೇಳಿದ್ದಕ್ಕ?"

"ಹ್ಞೂಂ, ಖರೇ ಹೇಳಿದ್ದಕ್ಕ."

"ನಾ ನೋಡಿದ್ದ ಪಟದಾಗ ಬಲಗೈ ಮ್ಯಾಲ ಎತ್ತಿತ್ತು. ನೀ ಹಿಂದಕ್ಕ ಮಡಚಿ ಬರದಿ."

ಈಗ ಅವಳ ನಗೆ ನಿಂತಿತು. "ನೀ ಎಲ್ಲಿ ನೋಡಿದಿ ಆಯಿ? ಅದು ಹಳೇ ಫೋಟೋ. ಮೂರ್ತಿ ಸಿಕ್ಕಾಗ ಆ ಕೈ ಇರಲಿಲ್ಲ. ಯಾರೋ ತಮಗ ತಿಳಿದಂಗ ಒಂದು ಸುಳ್ಳು ಕೈ ಮಾಡಿ ಹಚ್ಚಿದ್ರು. ಭಾಳ ವರ್ಷದ ಮ್ಯಾಲ ಖರೇ ಕೈ ಸಿಕ್ತು."

ಅಂದರೆ ಕಟ್ಟಿನಂಗಡಿಯವನಂಥವರು ಎಲ್ಲ ದೇಶದಲ್ಲೂ ಇರುತ್ತಾರೆ ಎಂದುಕೊಂಡೆ.

ಅವನ ಅಂಗಡಿ ನನ್ನ ತವರೂರಿನಲ್ಲಿ, ರಟ್ಟೀಹಳ್ಳಿಯ ರಸ್ತೆ ಕೂಡುವಲ್ಲಿತ್ತು. ದೇವರ ಪಟ, ಮದುವೆ ಫೋಟೋ, ಸತ್ತವರ ಫೋಟೋ ಯಾವುದನ್ನೇ ಕೊಟ್ಟರೂ ಗಾಜು ಕೂಡಿಸಿ ಕಟ್ಟು ಹಾಕಿಕೊಡುತ್ತಿದ್ದ. ಕೆಲಸ ಮಾಡುವಾಗ ಬಾಯಿತುಂಬ ಸಣ್ಣ ಮೊಳೆಗಳನ್ನು ಇಟ್ಟುಕೊಂಡಿರುತ್ತಿದ್ದ, ಮಾತಾಡಲು ಬರುತ್ತಿರಲಿಲ್ಲ. ನಮ್ಮೂರ ಜನ ಅದನ್ನು ಗಾಂಭೀರ್ಯ ಎಂದು ತಿಳಿದರು. ಕೆಲಸವಾದರೂ ಚೊಕ್ಕವಿತ್ತೇ ಎಂದರೆ ಅದೂ ಇಲ್ಲ. ಕಟ್ಟು ಸಣ್ಣದಾದರೆ ಬೇರೆ ಕಟ್ಟು ಹುಡುಕುತ್ತಿರಲಿಲ್ಲ, ದೇವರನ್ನೇ ಕತ್ತರಿಸುತ್ತಿದ್ದ. ನಮ್ಮ ಮನೆಯ ಲಕ್ಷ್ಮಿಗೆ ಒಂದೇ ಆನೆ. ಇನ್ನೊಂದು ಅವನ ಕಸದ ಬುಟ್ಟಿಗೆ ಹೋಯಿತು.

ಹುಬ್ಬಳ್ಳಿಯಿಂದ ಗಾಜು ತರುವಾಗ ಒಡೆಯಬಾರದೆಂದು ನಡುನಡುವೆ ರದ್ದಿ ಕಾಗದ ಇಟ್ಟು ಕಳಿಸುತ್ತಿದ್ದರು. ಆ ರದ್ದಿಯಲ್ಲಿ ಬಂದದ್ದು ಈ ಹಾವಿನ ಪಟ. ಅವತ್ತು ನಾನೂ ಅಲ್ಲಿದ್ದೆ. ಕೆಳಗೆ ಎರಡು ಸಾಲು ಇಂಗ್ಲಿಷ್ ಅಕ್ಷರಗಳಿದ್ದವು. ಊರಲ್ಲಿ ಮಾಸ್ತರರಿದ್ದರು, ಓದಿಸಬಹುದಿತ್ತು. ಅವನು ಆ ಎರಡು ಸಾಲನ್ನು ಲಕ್ಷ್ಮಿಯ ಆನೆಯ ಹಾಗೆಯೇ ಕತ್ತರಿಸಿ ಒಗೆದ. ಹೆಂಗಸರು ಬರುವ ಅಂಗಡಿಯೆಂದು ಬಂಗಾರದ ಬಣ್ಣದ ಕಾಗದದಿಂದ ಆ ಗಂಡಸಿಗೊಂದು ಲಂಗೋಟಿ ಅಂಟಿಸಿದ. ಗಾಜು ಹಾಕಿ ಎದುರಿನ ಗೋಡೆಗೆ ತೂಗುಬಿಟ್ಟ.

ಯಾರೋ ಕೇಳಿದರು, ಇವ ಯಾರು ಕಾಕಾ ಎಂದು. ಅವನು ಬಾಯಿಂದ ಮೊಳೆಗಳನ್ನು ಉಗುಳಿ ಹೇಳಿದ, "ಪಂಚಮಿ ದಿನ ಎಡಿ ಹೊಡದವ. ಕುಂಟಿ ತಾಗಿ ಹಾವಿನ ಮರಿ ಸತ್ತುವು. ತಾಯಿ ಹಾವು ಇವನ ವಂಶಾನ ಸುತ್ತಿತು. ನೋಡ್ರಿ, ಕೈ ಮ್ಯಾಲ ಐತೆಲ್ಲ, ಕುಂಟಿ ಮೇಳಿ ಈಗರ ಬಿಟ್ಟಾನ. ವಿಷ ಏರಿ ಮೈಯೆಲ್ಲ ಬೆಳ್ಳಗಾಗೇತಿ."

ನಾಗರ ಪಂಚಮಿಯಂದು ನಮ್ಮ ಕಡೆ ಬೆಳೆಸಾಲಿನ ಕಸಕ್ಕೆ ಕುಂಟೆ ಹೊಡೆಯುವುದಿಲ್ಲ, ನೆಲ ಕೆದರುವುದಿಲ್ಲ, ಒಲೆಯ ಮೇಲೆ ಹಂಚು ಇಡುವುದಿಲ್ಲ. ಕೂಸಿಗೂ ಗೊತ್ತಿರುವ ಮಾತು. ವಿಷ ಏರಿದರೆ ಮೈ ನೀಲಿಯಾಗುತ್ತದೆ ಎನ್ನುವುದೂ ಕೂಸಿಗೆ ಗೊತ್ತಿತ್ತು. ಆದರೆ ಯಾರೂ ಕೇಳಲಿಲ್ಲ. ಒಂದು ವರ್ಷದೊಳಗೆ ಗಾಜಿನ ಮೇಲೆ ಅರಿಸಿನ ಕುಂಕುಮ ಬಿತ್ತು. ಎರಡನೆಯ ವರ್ಷ ಮಕ್ಕಳಾಗದವರು, ಮೈಯಲ್ಲಿ ಗುಳ್ಳೆ ಎದ್ದವರು, ಎತ್ತು ಸತ್ತವರು ಎಲ್ಲರೂ ತೆಂಗಿನಕಾಯಿ ಹಿಡಿದು ಬರತೊಡಗಿದರು. ಕಾಕಾ ಇದ್ದವನು ಮಠದ ಸ್ವಾಮಿಯಂತೆ ಅಜ್ಜಾರು ಆದ. ಈಗ ಬಾಯಲ್ಲಿ ಮೊಳೆ ಇಲ್ಲದಿದ್ದರೂ ಮಾತಾಡುತ್ತಿರಲಿಲ್ಲ.

ನಾನು ಮದುವೆಯಾಗಿ ಹತ್ತಿಮತ್ತೂರಿಗೆ ಬಂದಿದ್ದೆ. ತಂಗಿಯನ್ನು ಊರಲ್ಲೇ ಕೊಟ್ಟಿದ್ದರು. ಆ ವರ್ಷ ಪಂಚಮಿಗೆ ತವರಿಗೆ ಹೋದಾಗ ಎಂಟು ದಿನದ ಜಿಟಿಜಿಟಿ ಮಳೆ ನಿಂತು ಬಿಸಿಲು ಬಿದ್ದಿತ್ತು. ತಂಗಿಯ ಗಂಡ ಹಬ್ಬದ ದಿನವೇ ಹತ್ತಿ ಹೊಲಕ್ಕೆ ಕುಂಟೆ ಹೂಡಿದ. "ಕಸ ಏನ ಪಂಚಮಿ ನೋಡಿ ಬೆಳೀತೈತೇನು?" ಎಂದನಂತೆ. ಊರೆಲ್ಲ ಕಿವಿ ಮುಚ್ಚಿಕೊಂಡಿತು. ಎಲ್ಲರಿಗಿಂತ ಮೊದಲು ಮುಚ್ಚಿಕೊಂಡವಳು ನಾನು.

ಮೂರನೆಯ ದಿನ ಮುಂಜಾನೆ ತಂಗಿ ದನಕ್ಕೆ ಹುಲ್ಲು ಕೊಯ್ಯಲು ಬದುವಿಗೆ ಹೋದಳು. ಹಾವು ಹಿಮ್ಮಡಿಯ ಮೇಲೆ ಕಚ್ಚಿತು. ತಾನೇ ಸೆರಗು ಹರಿದು ಕಾಲಿಗೆ ಕಟ್ಟಿಕೊಂಡು ಕುಂಟುತ್ತ ಮನೆಗೆ ಬಂದಳು. ಗಟ್ಟಿ ಹೆಣ್ಣು. ಅವಳ ಗಂಡ ಗಾಡಿ ಹೂಡಿದ, ನಾನು ಅವಳ ತಲೆಯನ್ನು ತೊಡೆಯ ಮೇಲಿಟ್ಟುಕೊಂಡು ಕುಳಿತೆ. ರಸ್ತೆ ಕೂಡುವಲ್ಲಿ ಅವನು ಎತ್ತುಗಳನ್ನು ರಟ್ಟೀಹಳ್ಳಿಯ ಕಡೆ ತಿರುಗಿಸಿದ. ಅಲ್ಲಿ ದವಾಖಾನೆ ಇತ್ತು. ಗಾಡಿಯಲ್ಲಿ ಒಂದು ತಾಸು.

"ಮೊದಲ ಅಜ್ಜಾರಿಗೆ ತೋರ್ಸು," ಎಂದೆ ನಾನು.

"ದವಾಖಾನಿಗೆ ಹೋಗೋಣ್ರಿ ಅಕ್ಕಾರ," ಎಂದ ಅವನು.

"ಪಂಚಮಿ ದಿನ ನೆಲಾ ಕೆದರಿದಾವ ನೀನು, ನನಗ ಬುದ್ಧಿ ಹೇಳ್ತಿಯೇನು? ಇಳಸು."

ಅವನು ಇಳಿಸಿದ. ತಪ್ಪು ಮಾಡಿದೆನೆಂದು ಅವನಿಗೂ ಅಂಜಿಕೆ ಇತ್ತಲ್ಲ.

ಕಟ್ಟಿನಂಗಡಿಯವನು ಅವಳನ್ನು ಗಾಜು ಕತ್ತರಿಸುವ ಹಲಗೆಯ ಮೇಲೆ ಮಲಗಿಸಿದ. ಗಂಡನಿಗೆ ಪಟದ ಮುಂದೆ ಉದ್ದಕ್ಕೆ ಬೀಳಲು ಹೇಳಿದ. ತಂಗಿಯ ಬಾಯಿಗೆ ಬೇವಿನ ಎಲೆ ಹಾಕಿ, "ಕಹಿ ಹತ್ತತೈತೇನವಾ?" ಎಂದ. ಅವಳು ಹೌದೆಂದಳು. "ಹಂಗಾರ ವಿಷ ಇಳ್ಯಾಕತ್ತೈತಿ," ಎಂದು ಸಾರಿದ. ಸೇರಿದ ಜನ ಕೈ ಮುಗಿದರು. ನಾನೂ ಮುಗಿದೆ...

ಸ್ವಲ್ಪ ಹೊತ್ತಿನ ಮೇಲೆ ತಂಗಿ ನನ್ನ ಕೈ ಹಿಡಿದಳು. "ಅಕ್ಕಾ, ಕಣ್ಣಿನ ರೆಪ್ಪಿ ಎತ್ತಾಕ ಬರವಲ್ದು."

ನಾನು ಅವನ ಮುಖ ನೋಡಿದೆ. "ನಾಗತಾಯಿ ಶಾಂತ ಆದ್ಲು. ನಿದ್ದಿ ಬರ್ತೈತಿ, ಮಲಗಲಿ," ಎಂದ.

"ಮಲ್ಕೋ," ಎಂದೆ ನಾನು.

ಮಧ್ಯಾಹ್ನದ ಬಿಸಿಲು ಹೊಸ್ತಿಲು ದಾಟುವ ಮೊದಲೇ ಎಲ್ಲ ಮುಗಿಯಿತು. ಅವನು ಮಾಡಿದ ಮೊದಲ ಕೆಲಸವೆಂದರೆ ಹಲಗೆ ತೊಳೆಯಲು ನೀರು ತರಿಸಿದ್ದು. "ನಾ ಏನ್ ಮಾಡ್ಲಿ ತಂಗಿ? ಗಂಡ ಮಾಡಿದ್ದು ಹೆಂಡ್ತಿ ಉಂಡ್ಲು," ಎಂದ. ಅದನ್ನೂ ಜನ ಒಪ್ಪಿದರು. ನಾನೂ ಒಪ್ಪಿದೆ. ಎರಡು ವರ್ಷ ತಂಗಿಯ ಗಂಡನ ಮುಖ ನೋಡಲಿಲ್ಲ. ಅವನು ಬೇರೆ ಮದುವೆ ಮಾಡಿಕೊಂಡ. ತಂಗಿಯ ಒಂದು ವರ್ಷದ ಮಗಳನ್ನು ನಾನು ಎತ್ತಿಕೊಂಡು ಬಂದೆ. ಈ ಚಿತ್ರ ಬರೆಯುವ ಹುಡುಗಿ ಅವಳ ಮಗಳು.

ನನ್ನ ಕಣ್ಣು ತೆರೆಸಿದವಳು ಕಟ್ಟಿನಂಗಡಿಯವನ ಸೊಸೆ. ಆ ಎರಡು ವರ್ಷ ಕಳೆದ ಮೇಲೆ ನಾನು ಮತ್ತೆ ಊರಲ್ಲಿದ್ದೆ. ಒಲೆಗೆ ಸೆಗಣಿ ಕುಳ್ಳು ತೆಗೆಯುವಾಗ ಅವಳ ಬೆರಳಿಗೆ ಹಾವು ಕಚ್ಚಿತು. ಅಜ್ಜಾರು ಪಟದ ಕಡೆ ತಿರುಗಿಯೂ ನೋಡಲಿಲ್ಲ. ಹಲಗೆ ಇಲ್ಲ, ಬೇವು ಇಲ್ಲ. ಪಂಚೆ ಮೊಳಕಾಲಿಗೆ ಏರಿಸಿ ನಡುರಸ್ತೆಗೆ ಓಡಿ, ಹೊರಟಿದ್ದ ಟೆಂಪೋವನ್ನು ಅಡ್ಡಗಟ್ಟಿ, ಮೆಣಸಿನಕಾಯಿ ಚೀಲದ ಮೇಲೆ ಸೊಸೆಯನ್ನು ಕೂಡಿಸಿಕೊಂಡು ರಟ್ಟೀಹಳ್ಳಿ ದವಾಖಾನೆಗೆ ಹೋದ. ಆ ವಯಸ್ಸಿನವನು ಅಷ್ಟು ಜೋರಾಗಿ ಓಡಬಲ್ಲನೆಂದು ಯಾರಿಗೂ ಗೊತ್ತಿರಲಿಲ್ಲ. ಸೊಸೆ ಬದುಕಿದಳು. ಇವತ್ತಿಗೂ ಇದ್ದಾಳೆ, ನಾಲ್ಕು ಮಕ್ಕಳ ತಾಯಿ. ಅವಳ ಮೇಲೆ ನನಗೆ ಸಿಟ್ಟಿಲ್ಲ.

ಅವನು ತಿರುಗಿ ಬಂದ ದಿನ ಅಂಗಡಿಗೆ ಹೋದೆ. ನಾಲ್ಕು ಜನ ಕುಳಿತಿದ್ದರು. "ಸೊಸಿನ್ನ ಈ ಪಟದ ಮುಂದ ಯಾಕ ಮಲಗಿಸಲಿಲ್ರಿ ಅಜ್ಜಾರ?" ಎಂದು ಕೇಳಿದೆ.

ಅವನು ಮೊಳೆಗಳನ್ನು ಬಾಯಿಗೆ ಹಾಕಿಕೊಳ್ಳಲು ಹೋದ. ನಾನು ಡಬ್ಬಿಯ ಮೇಲೆ ಕೈಯಿಟ್ಟೆ. ಮಾತಾಡಲೇಬೇಕಾಯಿತು.

"ನಮ್ಮನ್ಯಾಗ ಯಾರೂ ಪಂಚಮಿ ದಿನ ಎಡಿ ಹೊಡದಿಲ್ಲ ತಂಗಿ. ಅದಕ ನಮಗ ದವಾಖಾನಿ ಔಷಧ ಹತ್ತತೈತಿ. ನಿಮಗ ಹತ್ತತಿರಲಿಲ್ಲ."

ಕುಳಿತಿದ್ದವರು ಹೌದು ಹೌದೆಂದು ತಲೆಯಾಡಿಸಿದರು. ಅಂಥ ತಲೆಗಳು. ಎರಡು ವರ್ಷದ ಹಿಂದೆ ಅವುಗಳ ಸಾಲಿನಲ್ಲಿ ನನ್ನದೂ ಇತ್ತು. ಅವನು ನಂಬಿ ಕೆಟ್ಟವನಾಗಿದ್ದರೆ ಕ್ಷಮಿಸುತ್ತಿದ್ದೆನೋ ಏನೋ. ಅವನು ಒಂದು ದಿನವೂ ನಂಬಿರಲಿಲ್ಲ. ಅವನನ್ನು ನಂಬಿದವರು ನಾವು. ಡಬ್ಬಿಯಿಂದ ಕೈ ತೆಗೆದು, ಅವನ ಹೊಸ್ತಿಲ ಮೇಲೆ ಉಗುಳಿ ಬಂದೆ. ಅದರಿಂದ ಏನಾಯಿತು? ಅವನು ನೀರು ಹಾಕಿ ತೊಳೆದಿರಬೇಕು. ತೊಳೆಯುವುದರಲ್ಲಿ ಜಾಣನಿದ್ದ.

ಎಂಬತ್ತು ದಾಟಿ, ಹಾಸಿಗೆಯಲ್ಲಿ ಮಲಗಿ, ಮಕ್ಕಳ ಕೈಯಿಂದ ಹಾಲು ಕುಡಿದು ಸತ್ತನಂತೆ. ಅವನದೂ ಒಂದು ಫೋಟೋ ಇದೆ, ಮಗ ಕಟ್ಟು ಹಾಕಿಸಿ ಅಂಗಡಿಯಲ್ಲಿ ತೂಗುಹಾಕಿದ್ದಾನೆ ಎನ್ನುತ್ತಾರೆ. ನೋಡಲು ನಾನು ಹೋಗಿಲ್ಲ.

ಇದನ್ನೆಲ್ಲ ಮೊಮ್ಮಗಳಿಗೆ ಹೇಳಿದೆ. ಅವಳು ನಗಲಿಲ್ಲ. ಹಾಳೆಯನ್ನು ಸುತ್ತಿದಳು, ಡಬ್ಬಿಗಳನ್ನು ಒಂದೊಂದಾಗಿ ಗೋಡೆಯ ಮಾಡದಲ್ಲಿ ಇಟ್ಟು ಬಂದಳು. ಆಮೇಲೆ ಕೇಳಿದಳು, "ಗಾಡ್ಯಾಗಿಂದ ನೀನ ಇಳಸಿದ್ದು ನಮ್ಮವ್ವಗ ಗೊತ್ತೈತೇನು ಆಯಿ?"

"ಇಲ್ಲ."

"ಹೇಳ್ತಿಯೇನು?"

ಕೆಳಗಿಟ್ಟ ಮೊರವನ್ನು ಮತ್ತೆ ಎತ್ತಿಕೊಂಡೆ. ಪಂಚಮಿಗೆ ಇನ್ನು ಆರು ದಿನ. ಅವಳ ತಾಯಿ ಬರುತ್ತಾಳೆ. ತವರು ಅಂದರೆ ಅವಳಿಗೆ ನನ್ನ ಮನೆಯೇ, ಅವ್ವ ಅಂದರೆ ನಾನೇ. ಕಲ್ಲನಾಗಪ್ಪನಿಗೆ ಹಾಲೆರೆಯುವಾಗ ನಮ್ಮಲ್ಲಿ ಮನೆಯವರನ್ನು ಒಬ್ಬೊಬ್ಬರನ್ನಾಗಿ ನೆನೆದು ಅವರವರ ಪಾಲು ಎರೆಯುತ್ತಾರೆ. ಬದುಕಿರುವವರ ಪಾಲು ಮಾತ್ರ, ಸತ್ತವರದಿಲ್ಲ. ಅವಳು ಕೊಬ್ಬರಿ ಬಟ್ಟಲನ್ನು ಹಾಲಲ್ಲಿ ಅದ್ದಿ, "ಇದು ಅವ್ವನ ಪಾಲು," ಎಂದು ನನ್ನ ಮುಖ ನೋಡಿ ಎರೆಯುತ್ತಾಳೆ. ಮಾತು ಬಂದಾಗಿನಿಂದ ಪ್ರತಿ ವರ್ಷ ಹಾಗೆಯೇ ಎರೆದಿದ್ದಾಳೆ. ಪ್ರತಿ ವರ್ಷ ನಾನು ಪಕ್ಕದಲ್ಲಿ ಸುಮ್ಮನೆ ನಿಂತಿದ್ದೇನೆ.