ಅವರೆಕಾಳು ಹಿದುಕಿದ ಬೆಳಗು

ಸಾವಿನ ಮನೆಗೆ ಬಂದವರು ಹೇಗಾಯಿತು ಎಂದು ಕೇಳಲೇಬೇಕು, ಮನೆಯವರು ಮೊದಲಿಂದ ಹೇಳಲೇಬೇಕು. ನಮ್ಮ ಕಡೆ ಅದನ್ನು ಮಾತಾಡಿಸಿಕೊಂಡು ಬರುವುದು ಎನ್ನುತ್ತಾರೆ. ನನ್ನ ಹೆಂಡತಿ ಹೋದಾಗ ಹಾಸನದಿಂದ, ಅರಕಲಗೂಡಿನಿಂದ ನೆಂಟರು ಚನ್ನರಾಯಪಟ್ಟಣದ ನಮ್ಮ ಮನೆಗೆ ಬರುತ್ತಲೇ ಇದ್ದರು. “ಎಂಗಾಯ್ತಪ್ಪಾ?” ಎಂದು ಒಬ್ಬೊಬ್ಬರೂ ಕೇಳುವರು. “ಬೆಳಗ್ಗೆ ಚೆನ್ನಾಗೇ ಇದ್ಲು. ಆಮೇಲೆ ಎದೆನೋವು ಅಂದ್ಲು. ಆಸ್ಪತ್ರೆ ಸೇರೋ ಅಷ್ಟರಲ್ಲಿ ಓಗ್ಬುಟ್ಲು” ಎಂದು ನಾನು ಒಪ್ಪಿಸುವೆ. ಹೇಳಿ ಹೇಳಿ ನಾಲಿಗೆ ಸವೆಯಿತು. ಇವರಿಗೆಲ್ಲ ಬೇರೆ ಕೆಲಸವಿಲ್ಲವೇ ಎಂದು ರೇಗಿಹೋಗುತ್ತಿತ್ತು.

ತಿಥಿ ಮುಗಿಯಿತು. ಬರುವವರು ನಿಂತರು. ಕೇಳುವವರಿಲ್ಲದ ಮನೆ ಎಂದರೇನೆಂದು ಆಗ ತಿಳಿಯಿತು. ಒಬ್ಬನಿಗೇ ಕಾಫಿ ಕಾಯಿಸಿಕೊಂಡು ಕೂತರೆ ಅವೇ ಮಾತುಗಳು ಬಾಯಿಗೆ ಬರುತ್ತಿದ್ದವು. ಗೋಡೆಗೆ ಹೇಳುವ ಬದಲು ಹಾಳೆಗೆ ಹೇಳೋಣವೆಂದು ಬರೆಯತೊಡಗಿದೆ.

‘ಬೆಳಗ್ಗೆ ಚೆನ್ನಾಗೇ ಇದ್ದಳು’ ಎಂದು ಬರೆಯುತ್ತಲೇ ಪೆನ್ನು ನಿಂತಿತು. ಚೆನ್ನಾಗಿ ಎಂದರೆ ಹೇಗೆ? ಅದನ್ನು ಯಾರೂ ಕೇಳಿರಲಿಲ್ಲ. ಎಲ್ಲರಿಗೂ ಆಸ್ಪತ್ರೆ ಮುಟ್ಟುವ ಅವಸರ. ನಾನೂ ಹೇಳಿರಲಿಲ್ಲ.

ಅಂದು ಅವಳು ಬಾಗಿಲ ಬಿಸಿಲಿನಲ್ಲಿ ಕೂತು, ಬೋಗುಣಿಯಲ್ಲಿ ನೆನೆಸಿದ ಅವರೆಕಾಳು ಹಿದುಕುತ್ತಿದ್ದಳು. ಸಿಪ್ಪೆಯಿಂದ ಜಾರಿದ ಬೇಳೆಯೊಂದು ಹಾರಿ ನನ್ನ ಪೇಪರಿಗೆ ಬಡಿಯಿತು. “ಬೇಕಂತ್ಲೇ ಒಡ್ದಿದ್ದು ಕಣ್ರೀ. ಬಂದು ಇದುಕ್ಬಾರ್ದಾ?” ಎಂದು ನಕ್ಕಳು. ಪೇಪರು ಮಡಚಿಟ್ಟು ಪಕ್ಕದಲ್ಲಿ ಕೂತೆ.

ಆ ಬೋಗುಣಿ ಖಾಲಿಯಾದ ಮೇಲೆಯೇ ಅವಳು ಎದೆ ಹಿಡಿದುಕೊಂಡಿದ್ದು. ಈಗಲೂ ದಿನಾ ಆ ಬೆಳಗನ್ನೇ ಬರೆಯುತ್ತೇನೆ. ಹಾಳೆಯಲ್ಲಿ ಕಾಳು ಮುಗಿಯುತ್ತ ಬಂದರೆ, ಬೋಗುಣಿಗೆ ಇನ್ನೊಂದು ಹಿಡಿ ಸುರಿಯುತ್ತೇನೆ.